ಥರ್ಮಾಕೋಲಿನ ಬಾವಿ

ಭೋಗನಂದೀಶ್ವರನ ಗುಡಿಯ ಮುಂದೆ ಟೆಂಪೋ ಟ್ರಾವೆಲರಿನಿಂದ ಇಳಿದ ನಮ್ಮ ದೊಡ್ಡಮ್ಮ ಸೆರಗು ಸರಿಮಾಡಿಕೊಂಡು, ಮಹಾದ್ವಾರದ ಕಡೆಗೆ ಒಮ್ಮೆ ಕೈಮುಗಿದು, ಕೂಡಲೇ ಬೆನ್ನು ತಿರುಗಿಸಿ ಕೇಳಿದ್ದು ಒಂದೇ ಪ್ರಶ್ನೆ: "ಬಾವಿ ಎಲ್ಲಪ್ಪಾ?"

ನಮ್ಮನ್ನು ಕರೆದುಕೊಂಡು ಬಂದಿದ್ದ ಗೈಡ್ ಹುಡುಗನಿಗೆ ಈ ಪ್ರಶ್ನೆ ಹೊಸದಲ್ಲವೆಂದು ಅವನ ಮುಖ ನೋಡಿದರೇ ತಿಳಿಯುತ್ತಿತ್ತು. ಟಿ.ವಿ.ಯಲ್ಲಿ ಬರುವ ಒಂದು ಧಾರಾವಾಹಿಯಲ್ಲಿ ನಾಯಕಿ ಪ್ರತಿದಿನ ಬೆಳಿಗ್ಗೆ ಈ ಗುಡಿಯ ಎದುರಿನ ಮರದ ನೆರಳಿನಲ್ಲಿರುವ ಕಲ್ಲುಕಟ್ಟೆಯ ಬಾವಿಯಿಂದ ನೀರು ಸೇದಿ, ಕೊಡ ಹೊತ್ತು, ದೇವರಿಗೆ ಅಭಿಷೇಕಕ್ಕೆ ಒಯ್ಯುತ್ತಾಳೆ. ಅತ್ತೆ ಅವಳ ಕೈಯಿಂದ ಕೊಡ ಕಿತ್ತುಕೊಂಡದ್ದು, ಗಂಡನಾಗುವವನು ಅವಳನ್ನು ಮೊದಲ ಸಲ ಕಂಡದ್ದು, ತಾಳಿಯ ಗಂಟು ಬಿದ್ದು ಹೋದದ್ದು ಎಲ್ಲವೂ ಆ ಬಾವಿಯ ಸುತ್ತಲೇ ನಡೆದಿವೆ. ದೊಡ್ಡಮ್ಮನಿಗೆ ಈಗ 81 ವರ್ಷ. ಸಂಜೆ ಆರರಿಂದ ರಾತ್ರಿ ಹತ್ತರವರೆಗೆ ಅವರು ಕುಳಿತ ಕುರ್ಚಿಯನ್ನು ಬಿಟ್ಟು ಏಳುವುದಿಲ್ಲ. ಆ ಧಾರಾವಾಹಿಯ ಅತ್ತೆಯನ್ನು ಅವರು ಬೈಯುವಾಗ ಬಳಸುವ ತೆಲುಗು ಮಾತುಗಳನ್ನು ನಾನು ಇಲ್ಲಿ ಬರೆಯಲಾರೆ.

"ಅದು ಸೆಟ್ಟು, ಅಜ್ಜಿ," ಎಂದ ಹುಡುಗ. "ಪ್ಲೈವುಡ್ಡು, ಮೇಲೆ ಥರ್ಮಾಕೋಲು, ಅದಕ್ಕೆ ಬಣ್ಣ. ಮೂರು ದಿನ ಇಲ್ಲಿಟ್ಟಿದ್ರು, ಸಾಯಂಕಾಲ ಲಾರಿಗೆ ಹಾಕ್ಕೊಂಡು ಹೋದ್ರು."

"ಅದೇನಪ್ಪಾ ಹಂಗಂತೀಯ? ಆ ಹುಡುಗಿ ಹಗ್ಗ ಎಳೆದಾಗ ರಾಟೆ ಕಿರ್ರ್ ಅಂತಿತ್ತಲ್ಲ!"

"ಆ ಸೌಂಡು ಆಮೇಲೆ ಸೇರಿಸ್ತಾರಜ್ಜಿ, ಸ್ಟುಡಿಯೋದಲ್ಲಿ."

ದೊಡ್ಡಮ್ಮ ಬೇರೇನೂ ಹೇಳಲಿಲ್ಲ. ಹುಲ್ಲಿನ ಮೇಲೆ ಬಾವಿ ಇದ್ದಿರಬಹುದಾದ ಜಾಗವನ್ನು ಚಪ್ಪಲಿಯ ತುದಿಯಿಂದ ಒಮ್ಮೆ ಮುಟ್ಟಿ ನೋಡಿದರು.

ಈ ಪ್ರವಾಸಕ್ಕೆ ನಾನು ಹೊರಟದ್ದು ಅವರ ಒತ್ತಾಯಕ್ಕೆ. ಬೆಳಿಗ್ಗೆ ಏಳಕ್ಕೆ ಚಿಕ್ಕಬಳ್ಳಾಪುರದಿಂದ ಹೊರಟು ನಂದಿ, ಕೋಲಾರ, ಚಿನ್ನದ ಗಣಿಯ ಊರಾದ ಕೆ.ಜಿ.ಎಫ್. ನೋಡಿಕೊಂಡು ರಾತ್ರಿಯ ಹೊತ್ತಿಗೆ ಮರಳುವ, ಧಾರಾವಾಹಿ ಮತ್ತು ಸಿನಿಮಾಗಳ ಚಿತ್ರೀಕರಣ ನಡೆದ ಜಾಗಗಳನ್ನೂ ಇತಿಹಾಸದ ಸ್ಥಳಗಳನ್ನೂ ಒಟ್ಟಿಗೆ ತೋರಿಸುವ ಒಂದು ದಿನದ ಕಾರ್ಯಕ್ರಮವದು. ತಲೆಗೆ 1,600 ರೂಪಾಯಿ, ಊಟ ಸೇರಿ. ಎ.ಸಿ. ಎಂದು ಹೇಳಿದ್ದ ವಾಹನದಲ್ಲಿ ಎ.ಸಿ. ಇರಲಿಲ್ಲ, ಇದ್ದದ್ದು ಅದರ ಗುಂಡಿಗಳು ಮಾತ್ರ. ಹನ್ನೊಂದು ಜನರಲ್ಲಿ ಏಳು ಮಂದಿ ಬೆಂಗಳೂರಿನ ಯುವಕ ಯುವತಿಯರು. ಸಮಾಜ ವಿಜ್ಞಾನದ ಶಿಕ್ಷಕಿಯಾಗಿ ಮೂವತ್ತು ವರ್ಷಗಳ ಕಾಲ ಶಾಲೆಯ ಮಕ್ಕಳನ್ನು ಸಾಲಾಗಿ ನಿಲ್ಲಿಸಿಕೊಂಡು ಇದೇ ದೇವಾಲಯಕ್ಕೆ ಕರೆತಂದವಳು ನಾನು. ಮನೆಯಿಂದ ಹತ್ತು ಕಿಲೋಮೀಟರಿನೊಳಗಿರುವ ಗುಡಿಯನ್ನು ಇನ್ನೊಬ್ಬರು ನನಗೆ ತೋರಿಸುವುದಕ್ಕೆ ದುಡ್ಡು ಕೊಡಬೇಕೇ ಎಂಬ ಸಣ್ಣ ಅಹಂಕಾರ ಹೊರಡುವಾಗ ಇದ್ದೇ ಇತ್ತು.

ಆ ಅಹಂಕಾರ ಕಲ್ಯಾಣಮಂಟಪದಲ್ಲಿ ಮುರಿಯಿತು. ಭೋಗನಂದಿಯಲ್ಲಿ ಎರಡು ದೊಡ್ಡ ಗುಡಿಗಳು ಅಕ್ಕಪಕ್ಕದಲ್ಲಿವೆ: ಅರುಣಾಚಲೇಶ್ವರ ಮತ್ತು ಭೋಗನಂದೀಶ್ವರ. ಅರುಣಾಚಲೇಶ್ವರನದು ಶಿವನ ಬಾಲ್ಯ, ಭೋಗನಂದೀಶ್ವರನದು ಯೌವನ, ಬೆಟ್ಟದ ಮೇಲಿನ ಯೋಗನಂದೀಶ್ವರನದು ವೈರಾಗ್ಯ ಎಂದು ನಮ್ಮ ಕಡೆಯ ನಂಬಿಕೆ; ಆದ್ದರಿಂದಲೇ ಹೊಸದಾಗಿ ಮದುವೆಯಾದವರು ಕೆಳಗಿನ ಗುಡಿಗೆ ಬರುತ್ತಾರೆ, ಸಂಭ್ರಮಗಳೆಲ್ಲ ಕೆಳಗಿನ ಗುಡಿಯಲ್ಲೇ ನಡೆಯುತ್ತವೆ. ಇವೆರಡರ ನಡುವೆ ಉಮಾಮಹೇಶ್ವರನ ಚಿಕ್ಕ ಗುಡಿ, ಅದರ ಮುಂದೆ ಕಪ್ಪು ಕಲ್ಲಿನ ಕಂಬಗಳ ಕಲ್ಯಾಣಮಂಟಪ. ಈ ಮಂಟಪದ ಕಂಬಗಳ ಮೇಲೆ ಶಿವ ಪಾರ್ವತಿ, ಬ್ರಹ್ಮ ಸರಸ್ವತಿ, ವಿಷ್ಣು ಲಕ್ಷ್ಮಿ, ಅಗ್ನಿ ಸ್ವಾಹಾದೇವಿ ಹೀಗೆ ದಂಪತಿಗಳನ್ನೇ ಕೆತ್ತಿದ್ದಾರೆಂದು ನಾನು ಮಕ್ಕಳಿಗೆ ಪ್ರತಿವರ್ಷ ಹೇಳುತ್ತಿದ್ದೆ. ಹೇಳುತ್ತಿದ್ದೆನೇ ಹೊರತು ಕಂಬದ ಬಳ್ಳಿಯ ನಡುವೆ ಕುಳಿತಿರುವ ಹಕ್ಕಿಗಳನ್ನು ಒಂದು ಸಲವೂ ನಿಂತು ನೋಡಿರಲಿಲ್ಲ. ಅರವತ್ತು ಮಕ್ಕಳ ತಲೆ ಎಣಿಸುವ ಶಿಕ್ಷಕಿಗೆ ಹಕ್ಕಿ ಕಾಣುವುದು ಕಷ್ಟ.

ಗೈಡ್ ಹುಡುಗ ಮಾಡಿದ್ದು ಸರಳವಾದ ಕೆಲಸ. ತನ್ನ ಮೊಬೈಲಿನಲ್ಲಿ ಆ ಧಾರಾವಾಹಿಯ ಮದುವೆಯ ದೃಶ್ಯದ ಒಂದು ಚಿತ್ರವನ್ನು ನಿಲ್ಲಿಸಿ, ಕ್ಯಾಮೆರಾ ಇದ್ದ ಜಾಗದಲ್ಲಿ ನಮ್ಮನ್ನು ನಿಲ್ಲಿಸಿ, ಮೊದಲು ಚಿತ್ರವನ್ನು, ಆಮೇಲೆ ಕಂಬವನ್ನು ನೋಡಲು ಹೇಳಿದ. ಚಿತ್ರದಲ್ಲಿ ನಾಯಕಿಯ ಬೈತಲೆಬೊಟ್ಟಿನ ಹಿಂದೆ ಮಸುಕಾಗಿ ಕಂಡದ್ದು ಇಲ್ಲಿ ಗಿಣಿಯಾಗಿತ್ತು: ಬಳ್ಳಿಗೆ ಕೊಕ್ಕು ಚಾಚಿ, ಕತ್ತು ಕೊಂಕಿಸಿ, ಕಲ್ಲಿನಿಂದ ಅರ್ಧ ಹೊರಬಂದಂತೆ. ಅದನ್ನು ಕಂಡ ದೊಡ್ಡಮ್ಮ "ಅಯ್ಯೋ, ಇದು ಅಲ್ಲಿ ಕಂಡೇ ಇರಲಿಲ್ಲ" ಎಂದರು. ನನಗೂ ಇಲ್ಲಿ ಕಂಡಿರಲಿಲ್ಲವೆಂದು ನಾನು ಹೇಳಲಿಲ್ಲ.

ಈ ಗುಡಿಯ ಬಗ್ಗೆ ಸಿಕ್ಕಿರುವ ಹಳೆಯ ಬರಹಗಳು ಕ್ರಿ.ಶ. 806ರ ಸುಮಾರಿನವು, ಅವುಗಳಲ್ಲಿ ನೊಳಂಬಾಧಿರಾಜನ ಮತ್ತು ರಾಷ್ಟ್ರಕೂಟ ಮುಮ್ಮಡಿ ಗೋವಿಂದನ ಹೆಸರು ಬರುತ್ತದೆ, ಅದಕ್ಕಿಂತ ತುಸು ಈಚಿನ ತಾಮ್ರಪಟಗಳಲ್ಲಿ ಬಾಣ ಅರಸರದು ಬರುತ್ತದೆ. ಆಮೇಲೆ ಗಂಗರು, ಚೋಳರು, ಹೊಯ್ಸಳರು, ವಿಜಯನಗರದವರು ತಮ್ಮ ತಮ್ಮ ಕಾಲದಲ್ಲಿ ಒಂದು ಮಂಟಪವನ್ನೋ ಪ್ರಾಕಾರವನ್ನೋ ಕೂಡಿಸಿದರು. ಬಂದವರು ಯಾರೂ ಹಿಂದಿನವರದನ್ನು ಕೆಡವಿ ಹೊಸದು ಕಟ್ಟಲಿಲ್ಲ. ಇದ್ದುದರ ಪಕ್ಕದಲ್ಲಿ ತಮ್ಮದನ್ನು ಇಟ್ಟರು. ಒಂದೇ ಅಂಗಳದಲ್ಲಿ ಹತ್ತು ಹೆಜ್ಜೆ ಹಾಕಿದರೆ ನೂರಾರು ವರ್ಷ ದಾಟಿಬಿಡುವ ಇಂಥ ಜಾಗ ಧಾರಾವಾಹಿಯವರಿಗೆ ಏಕೆ ಒದಗುತ್ತದೆಂಬುದು ಅಲ್ಲಿ ನಿಂತಾಗ ಹೊಳೆಯಿತು. ಅವರಿಗೆ ಬೇಕಾದ ಊರಿಗೆ ಹೆಸರಿರಬಾರದು, ಕಾಲವೂ ಇರಬಾರದು. "ಒಂದಾನೊಂದು ಹಳ್ಳಿ" ಎಂದು ಹೇಳಿದರೆ ನಂಬುವಂತಿರಬೇಕು. ಒಂದೇ ಕಾಲಕ್ಕೆ ಸೇರದ ಗುಡಿ ಯಾವ ಕಾಲದ ಕಥೆಗಾದರೂ ಹೊಂದಿಕೊಳ್ಳುತ್ತದೆ. ನಂದಿ ಗ್ರಾಮದ ಹೆಸರು ಆ ಧಾರಾವಾಹಿಯಲ್ಲಿ ಒಂದು ಸಲವೂ ಬಂದಿಲ್ಲ. ಗುಡಿಗೆ ಬಾಡಿಗೆಯ ಹೆಸರು, ಊರಿಗೆ ಬಾಡಿಗೆಯ ಹೆಸರು.

ಇಂಥ ಜಾಗಗಳಲ್ಲಿ ಶೂಟಿಂಗ್ ನಡೆಸುವುದು ಕಂಡಷ್ಟು ಸುಲಭವಲ್ಲ ಎಂದು ಹುಡುಗ ವಿವರಿಸಿದ. ಹಿಂದೆ ಅವನು ಒಂದೆರಡು ತಂಡಗಳಿಗೆ ಸ್ಥಳೀಯ ಸಹಾಯಕನಾಗಿ ನೀರಿನ ಕ್ಯಾನು ಹೊತ್ತವನು. ಭೋಗನಂದಿ ಭಾರತೀಯ ಪುರಾತತ್ವ ಸರ್ವೇಕ್ಷಣ ಇಲಾಖೆಯ ಸಂರಕ್ಷಿತ ಸ್ಮಾರಕ. ನಮ್ಮಂಥವರು ಕೈಯಲ್ಲಿ ಮೊಬೈಲು ಹಿಡಿದು ಚಿತ್ರ ತೆಗೆದರೆ ಯಾರೂ ಕೇಳುವುದಿಲ್ಲ. ಚಿತ್ರೀಕರಣ ಎಂದರೆ ಪರವಾನಗಿ ಬೇಕು, ಶುಲ್ಕ ಕಟ್ಟಬೇಕು, ಕಲ್ಲಿಗೆ ಮೊಳೆ ಹೊಡೆಯುವಂತಿಲ್ಲ, ಬಣ್ಣ ಬಳಿಯುವಂತಿಲ್ಲ. ಆದ್ದರಿಂದ ದಿನದಿನದ ಧಾರಾವಾಹಿಗಳ ಬಹುಪಾಲು ಬೆಂಗಳೂರಿನ ಅಂಚಿನ ಯಾವುದೋ ಬಾಡಿಗೆ ಮನೆಯಲ್ಲಿ ಮುಗಿಯುತ್ತದೆ. ಮದುವೆ, ಹರಕೆ, ಜಾತ್ರೆ, ಪುನರ್ಜನ್ಮ ಇಂಥ ದೊಡ್ಡ ತಿರುವುಗಳಿಗಷ್ಟೇ ಔಟ್‌ಡೋರ್. ಎರಡು ಮೂರು ದಿನದಲ್ಲಿ ತೆಗೆದದ್ದನ್ನು ತಿಂಗಳುಗಟ್ಟಲೆ ಸ್ವಲ್ಪ ಸ್ವಲ್ಪವೇ ಬಡಿಸುತ್ತಾರೆ. ನಮ್ಮ ದೊಡ್ಡಮ್ಮ ಒಂದು ವರ್ಷ ನೋಡಿದ ಬಾವಿಯ ಆಯುಸ್ಸು ಮೂರು ದಿನವೆಂಬುದು ಅವನ ಲೆಕ್ಕ.

ಕಲ್ಯಾಣಿಗೆ ಬಂದಾಗ ದೊಡ್ಡಮ್ಮ ಮೆಟ್ಟಿಲ ಮೇಲೆ ಕುಳಿತುಬಿಟ್ಟರು. ಶೃಂಗಿ ತೀರ್ಥವೆಂದು ಅದರ ಹೆಸರು. ನಂದಿಯು ಕೊಂಬಿನಿಂದ ನೆಲ ಬಗೆದು ಗಂಗೆಯನ್ನು ತಂದನೆಂದೂ ಪಿನಾಕಿನಿ ಇಲ್ಲಿಂದಲೇ ಹುಟ್ಟುವಳೆಂದೂ ಪ್ರತೀತಿ. ನಾಲ್ಕೂ ಕಡೆ ಮೆಟ್ಟಿಲು, ಸುತ್ತಲೂ ಕಂಬಗಳ ಸಾಲು, ನಡುವೆ ಹಸುರು ನೀರು. ಬೆಂಗಳೂರಿನ ಯುವತಿಯರು ನಾಯಕಿ ಕುಳಿತ ಮೆಟ್ಟಿಲು ಯಾವುದೆಂದು ಹುಡುಕಿ ಅದೇ ಭಂಗಿಯಲ್ಲಿ ಕುಳಿತು ಚಿತ್ರ ತೆಗೆಸಿಕೊಂಡರು. ನನಗೆ ಮೊದಲು ಕಿರಿಕಿರಿಯಾಯಿತು, ಆಮೇಲೆ ಆಗಲಿಲ್ಲ. ಇಲ್ಲಿಗೆ ಬಂದವರೆಲ್ಲ ಯಾವುದಾದರೊಂದು ಕಥೆಯ ಜಾಡು ಹಿಡಿದೇ ಬಂದವರಲ್ಲವೇ? ಅವರಿಗೆ ಧಾರಾವಾಹಿಯದು, ದೊಡ್ಡಮ್ಮನ ಅಜ್ಜಿಗೆ ಪುರಾಣದ್ದು, ನನಗೆ ಏಳನೇ ತರಗತಿಯ ಪಠ್ಯದ್ದು.

ಬೆಟ್ಟ ಹತ್ತಲಿಲ್ಲ. ಭಾನುವಾರದ ವಾಹನಗಳ ಸಾಲು ಕೆಳಗಿನ ಕೈಮರದವರೆಗೂ ಬಂದಿತ್ತು. ನಂದಿಬೆಟ್ಟದ ಎತ್ತರ 1,478 ಮೀಟರ್ ಎಂಬುದನ್ನೂ, 1791ರಲ್ಲಿ ಕಾರ್ನ್‌ವಾಲಿಸನ ಸೈನ್ಯ ಟಿಪ್ಪುವಿನ ಈ ಕೋಟೆಯನ್ನು ಹಿಡಿದದ್ದನ್ನೂ, 1927ರಲ್ಲಿ ಗಾಂಧೀಜಿ ಆರೋಗ್ಯ ಸುಧಾರಿಸಿಕೊಳ್ಳಲು ಇಲ್ಲಿ ತಂಗಿದ್ದನ್ನೂ ಹುಡುಗ ಕಿಟಕಿಯಿಂದಲೇ ತೋರಿಸಿ ಮುಗಿಸಿದ. ದುಡ್ಡು ಕೊಟ್ಟವರಲ್ಲಿ ಇಬ್ಬರು ಗೊಣಗಿದರು. ಗೊಣಗುವುದರಲ್ಲಿ ನ್ಯಾಯವಿತ್ತು.

ದೇವನಹಳ್ಳಿ ಕಡೆಯ ವಿಜಯಪುರದ ದಾರಿಯಲ್ಲಿ ಮಗಳಿಗೆ ಫೋನು ಮಾಡಿದೆ. ಅವಳು ಗ್ಲಾಸ್ಗೋದಲ್ಲಿದ್ದಾಳೆ, ಕಳೆದ ವರ್ಷ ಅವಳೂ ಇಂಥದ್ದೇ ಒಂದು ದಿನದ ಬಸ್ಸಿನಲ್ಲಿ, 'ಔಟ್‌ಲ್ಯಾಂಡರ್' ಧಾರಾವಾಹಿಯ ಜಾಗಗಳನ್ನು ನೋಡಲು ಹೋಗಿದ್ದಳು. ಅಲ್ಲಿ ಡೂನ್ ಎಂಬ ಹದಿನಾಲ್ಕನೇ ಶತಮಾನದ ಕೋಟೆ ಧಾರಾವಾಹಿಯಲ್ಲಿ ಬೇರೆ ಹೆಸರಿನ ಕೋಟೆಯಾಗಿದೆ. ಸ್ಕಾಟ್ಲೆಂಡಿನ ರಾಣಿ ಮೇರಿ 1542ರಲ್ಲಿ ಹುಟ್ಟಿದ ಲಿನ್‌ಲಿತ್‌ಗೋ ಅರಮನೆ ಸೆರೆಮನೆಯಾಗಿದೆ. ಎಲ್ಲರೂ ಕಾದಿದ್ದದ್ದು ನಾಯಕನ ಮನೆಗೆ. ಮಿಡ್‌ಹೋಪ್ ಎಂಬ ಆ ಮನೆಯ ಮುಂದೆ ನಿಂತರೆ ಧಾರಾವಾಹಿಯಲ್ಲಿ ಕಂಡ ಅದೇ ಗೋಡೆ, ಅದೇ ಕಮಾನು. ಒಳಗೆ ಮಾತ್ರ ಪಾಳು, ಹೋಗುವಂತಿಲ್ಲ, ಮನೆಯೊಳಗಿನ ದೃಶ್ಯಗಳೆಲ್ಲ ಬೇರೆಡೆ ಸ್ಟುಡಿಯೋದಲ್ಲಿ ತೆಗೆದವು. "ಮಳೆಯಲ್ಲಿ ನಿಂತು ಒಂದು ಗೋಡೆಗೆ ಟಾಟಾ ಮಾಡಿ ಬಂದೆವಮ್ಮಾ" ಎಂದಿದ್ದಳು. ನಮ್ಮ ಬಾವಿಯ ಕಥೆ ಹೇಳಿದಾಗ, ನಮಗೆ ಗೋಡೆಯಾದರೂ ಇತ್ತು ಎಂದು ನಕ್ಕಳು.

ಫೋನಿಟ್ಟ ಮೇಲೆ ದೊಡ್ಡಮ್ಮ ಕಿಟಕಿಯಾಚೆ ನೋಡುತ್ತ ತಮ್ಮ ಬಾವಿಯ ಮಾತು ತೆಗೆದರು. ಚಿಂತಾಮಣಿ ಕಡೆಯ ಹಳ್ಳಿ ಅವರದು. ತವರಿನ ಹಿತ್ತಲಲ್ಲಿ ಒಂದು ಸೇದುವ ಬಾವಿ, ತೋಟದಲ್ಲಿ ಕಪಿಲೆ ಬಾವಿ. ಎತ್ತುಗಳು ಹಿಂದಕ್ಕೆ ನಡೆದು ಮುಂದಕ್ಕೆ ಬರುವ ಆ ಇಳಿಜಾರನ್ನು, ಚರ್ಮದ ಬಾನಿಯಿಂದ ನೀರು ಕಾಲುವೆಗೆ ಸುರಿಯುವ ಸದ್ದನ್ನು, ಕಪಿಲೆ ಹೊಡೆಯುತ್ತ ತಮ್ಮ ತಂದೆ ಹೇಳುತ್ತಿದ್ದ ಪದಗಳನ್ನು ಅವರು ವಿವರಿಸಿದರೆ, ಹಿಂದಿನ ಸೀಟಿನ ಹುಡುಗಿಯೊಬ್ಬಳು ಹೆಡ್‌ಫೋನು ತೆಗೆದು ಕೇಳಿಸಿಕೊಂಡಳು. ಅವಳು ತೆರೆದ ಬಾವಿಯಿಂದ ನೀರು ಸೇದುವುದನ್ನು ಕಂಡದ್ದು ಧಾರಾವಾಹಿಗಳಲ್ಲಿ ಮಾತ್ರವಂತೆ.

ಅದರಲ್ಲಿ ಆಶ್ಚರ್ಯವಿಲ್ಲ. ವರ್ಷವಿಡೀ ಹರಿಯುವ ಒಂದು ನದಿಯೂ ಇಲ್ಲದ ಜಿಲ್ಲೆಗಳು ನಮ್ಮವು. ಪೆನ್ನಾರ್, ಪಾಲಾರ್, ದಕ್ಷಿಣ ಪಿನಾಕಿನಿ ಇಲ್ಲೇ ಆಸುಪಾಸಿನಲ್ಲಿ ಹುಟ್ಟಿ, ಆಂಧ್ರಕ್ಕೂ ತಮಿಳುನಾಡಿಗೂ ಹೋಗಿ ದೊಡ್ಡವರಾಗುತ್ತಾರೆ. ತವರಿನಲ್ಲಿ ಅವರದು ಮರಳು ಮಾತ್ರ. ನಮ್ಮ ಹಿರಿಯರು ಸಾವಿರಾರು ಕೆರೆಗಳನ್ನು ಒಂದರ ಕೋಡಿ ಇನ್ನೊಂದಕ್ಕೆ ಬೀಳುವಂತೆ ಕಟ್ಟಿ ಬದುಕಿದರು, ಕೆರೆಯ ಕೆಳಗಿನ ಬಾವಿಗಳು ಆ ನೀರಿನಿಂದಲೇ ತುಂಬುತ್ತಿದ್ದವು. ಕೊಳವೆಬಾವಿ ಬಂದ ಮೇಲೆ ತೆರೆದ ಬಾವಿಗಳು ಒಣಗಿದವು. ಕೊಳವೆಬಾವಿಗಳೂ ಸಾವಿರ ಅಡಿ ದಾಟಿ, ಸಾವಿರದೈನೂರರ ಆಳಕ್ಕೆ ಇಳಿದವು. ಆ ಆಳದ ನೀರಿನೊಂದಿಗೆ ಫ್ಲೋರೈಡೂ ಬಂತು. 2018ರಿಂದ ಬೆಂಗಳೂರಿನ ಕೋರಮಂಗಲ ಮತ್ತು ಚಲ್ಲಘಟ್ಟ ಕಣಿವೆಯ ಕೊಳಚೆ ನೀರನ್ನು ಸಂಸ್ಕರಿಸಿ ಕೋಲಾರದ ಕೆರೆಗಳಿಗೆ ಹರಿಸುತ್ತಿದ್ದಾರೆ. ದಾರಿಯಲ್ಲಿ ತುಂಬಿದ ಕೆರೆಗಳನ್ನು ಕಂಡು ಬೆಂಗಳೂರಿನವರು ಚಿತ್ರ ತೆಗೆದರು. ಅದು ನಿಮ್ಮದೇ ನೀರು ಎಂದು ದೊಡ್ಡಮ್ಮ ಹೇಳಿದ್ದನ್ನು ಅವರು ತಮಾಷೆಯೆಂದುಕೊಂಡರು. ಹಳ್ಳಿಯ ದೃಶ್ಯಕ್ಕೆ ಬಾವಿ ಬೇಕೆಂದು ಧಾರಾವಾಹಿಯವರು ಪ್ಲೈವುಡ್ಡಿನದನ್ನು ಹೊತ್ತು ತಿರುಗುವುದಕ್ಕೆ ಬಹುಶಃ ಇದೇ ಕಾರಣ: ಹಳ್ಳಿಯಲ್ಲಿರುವ ನಿಜವಾದ ಬಾವಿಯಲ್ಲಿ ಈಗ ಇರುವುದು ಮುಳ್ಳುಕಂಟಿ ಮತ್ತು ಪ್ಲಾಸ್ಟಿಕ್ ಚೀಲ. ಅದನ್ನು ತೋರಿಸಿದರೆ ಹಳ್ಳಿ ಹಳ್ಳಿಯಂತೆ ಕಾಣುವುದಿಲ್ಲ.

ಕೋಲಾರದಲ್ಲಿ ಮುದ್ದೆ, ಹುರುಳಿಕಾಳಿನ ಸಾರು. ಊಟ ಚೆನ್ನಾಗಿತ್ತು; ಆ ದಿನದ 1,600 ರೂಪಾಯಿಯಲ್ಲಿ ಗೊಣಗದೆ ಕೊಟ್ಟದ್ದೆಂದರೆ ಅದರ ಪಾಲು. ಕೋಲಾರಮ್ಮನ ಗುಡಿಯಲ್ಲಿ ಅರ್ಧ ಗಂಟೆ ಕಳೆದೆವು. ಗಂಗರ ಮೊದಲ ರಾಜಧಾನಿಯಾದ ಕುವಲಾಲವೇ ಕೋಲಾರ. ಗುಡಿಯ ಗೋಡೆಗಳ ಮೇಲೆ ಚೋಳರ ಕಾಲದ ತಮಿಳು ಶಾಸನಗಳಿವೆ. ಒಳಗೆ ಚೇಳಮ್ಮನೆಂಬ ಇನ್ನೊಬ್ಬ ದೇವಿ. ಅವಳಿಗೆ ನಡೆದುಕೊಂಡವರಿಗೆ ಚೇಳು ಕಡಿಯುವುದಿಲ್ಲವೆಂದು ನಂಬಿಕೆ. ಅಲ್ಲಿ ನೆಲದಲ್ಲೇ ಕೊರೆದಿರುವ ಹುಂಡಿಯ ಬಾಯಿಗೆ ದೊಡ್ಡಮ್ಮ ಹತ್ತು ರೂಪಾಯಿಯ ನಾಣ್ಯ ಹಾಕಿ, ಸದ್ದು ಕೇಳುವವರೆಗೂ ಕಿವಿಗೊಟ್ಟು ನಿಂತರು. ಈ ಗುಡಿಯಲ್ಲಿ ಯಾವ ಧಾರಾವಾಹಿಯ ಶೂಟಿಂಗೂ ಆಗಿಲ್ಲವೇ ಎಂದು ಒಬ್ಬರು ಕೇಳಿದರು. ಆಗಿರಬಹುದು, ನಾನು ನೋಡಿಲ್ಲ ಎಂದು ಹುಡುಗ ಪ್ರಾಮಾಣಿಕವಾಗಿ ಹೇಳಿದ. ಅವನ ಮೇಲೆ ನನಗೆ ಗೌರವ ಹುಟ್ಟಿದ್ದು ಆಗ.

ಕೆ.ಜಿ.ಎಫ್. ತಲುಪಿದಾಗ ಮೂರೂವರೆ. ಈ ಊರು ನಮ್ಮ ಗೈಡ್ ಹುಡುಗನದೇ. ತಂದೆ ಚಾಂಪಿಯನ್ ರೀಫ್ ಗಣಿಯಲ್ಲಿ ದುಡಿದವರು, ಮನೆಮಾತು ತಮಿಳು, ಹುಟ್ಟಿದ್ದು ಲೈನ್ ಮನೆಯಲ್ಲಿ, ಎಂದರೆ ಕಂಪನಿ ಸಾಲಾಗಿ ಕಟ್ಟಿಸಿದ, ಬೆನ್ನಿಗೆ ಬೆನ್ನು ತಾಗಿದ ಕಾರ್ಮಿಕರ ಮನೆಗಳಲ್ಲಿ. ಬೆಳಗ್ಗೆಯಿಂದ ಗೈಡಿನ ದನಿಯಲ್ಲಿ ಮಾತಾಡುತ್ತಿದ್ದವನು ರಾಬರ್ಟ್‌ಸನ್‌ಪೇಟೆ ದಾಟುತ್ತಿದ್ದಂತೆ ಬೇರೆ ದನಿಯಲ್ಲಿ ಮಾತಾಡಲು ಶುರುಮಾಡಿದ.

ಸೈನೈಡ್ ದಿಬ್ಬಗಳು ದೂರದಿಂದಲೇ ಕಂಡವು. ಬೂದುಬಣ್ಣದ, ನೆತ್ತಿ ಚಪ್ಪಟೆಯಾದ, ಮಳೆನೀರು ಕೊರೆದು ಮೈಯೆಲ್ಲ ನೆರಿಗೆಯಾದ ಗುಡ್ಡಗಳು. 2018ರ ಡಿಸೆಂಬರ್ 21ರಂದು ತೆರೆಕಂಡ 'ಕೆ.ಜಿ.ಎಫ್.' ಸಿನಿಮಾ ಮತ್ತು 2022ರ ಏಪ್ರಿಲಿನಲ್ಲಿ ಬಂದ ಅದರ ಎರಡನೆಯ ಭಾಗ ಈ ದಿಬ್ಬಗಳ ಮೇಲೆ ಸೆಟ್ ಹಾಕಿ ತೆಗೆದ ದೃಶ್ಯಗಳಿಂದಲೇ ದೇಶಕ್ಕೆಲ್ಲ ಪರಿಚಯವಾದವು. ಈಗ ಹಬ್ಬ ಬಂದರೆ ಟಿ.ವಿ.ಯಲ್ಲಿ ಅದು ಇದ್ದೇ ಇರುತ್ತದೆ. ವಾಹನದಲ್ಲಿದ್ದ ಯುವಕರು ಬೆಳಗ್ಗೆಯಿಂದ ಕಾದಿದ್ದದ್ದು ಇದಕ್ಕೆ. ಒಳಗೆ ಹತ್ತಲು ಅನುಮತಿ ಇರಲಿಲ್ಲವಾದ್ದರಿಂದ ರಸ್ತೆಯ ಅಂಚಿನಲ್ಲೇ ನಿಂತೆವು.

"ಇದು ಬೆಟ್ಟ ಅಲ್ಲ," ಎಂದ ಅವನು. "ಇದೂ ಮಾಡಿದ್ದೇ."

ಈ ಮಾತಿನ ಅರ್ಥ ಅಲ್ಲಿದ್ದವರಿಗೆ ತಕ್ಷಣ ಆಗಲಿಲ್ಲ. ಭೂಮಿಯ ಆಳದಿಂದ ಬಗೆದು ತಂದ ಅದಿರನ್ನು ಹಿಟ್ಟಿನಂತೆ ಅರೆದು, ಸೈನೈಡ್ ದ್ರಾವಣದಲ್ಲಿ ಅದರೊಳಗಿನ ಚಿನ್ನವನ್ನು ಕರಗಿಸಿ ತೆಗೆದುಕೊಂಡ ಮೇಲೆ ಉಳಿಯುವ ಪುಡಿಯನ್ನು ನೂರಿಪ್ಪತ್ತು ವರ್ಷ ಇಲ್ಲಿ ಸುರಿದಿದ್ದಾರೆ. ಎಲ್ಲ ದಿಬ್ಬಗಳೂ ಸೇರಿ ಮೂರು ಕೋಟಿ ಟನ್ನಿಗೂ ಹೆಚ್ಚು. ಗಣಿಯಿಂದ ಒಟ್ಟು ಸಿಕ್ಕ ಚಿನ್ನ ಸುಮಾರು 800 ಟನ್. ಬೇಸಿಗೆಯ ಗಾಳಿಗೆ ಆ ಪುಡಿ ಎದ್ದು ಲೈನ್ ಮನೆಗಳ ಅನ್ನದ ತಟ್ಟೆಯವರೆಗೂ ಬರುತ್ತದೆ. ಅವನ ತಾಯಿ ಅಡುಗೆ ಮುಚ್ಚಿಡುವ ಬಟ್ಟೆಯನ್ನು ಒದ್ದೆ ಮಾಡಿಯೇ ಹೊದಿಸುತ್ತಿದ್ದರಂತೆ. ಸಿನಿಮಾದಲ್ಲಿ ಆ ಧೂಳು ಎಷ್ಟು ಚೆಂದ ಕಾಣುತ್ತದೆಯೆಂದು ಒಬ್ಬ ಯುವಕ ಹೇಳಿದ. ನಿಜ, ಚೆಂದವೇ ಕಾಣುತ್ತದೆ.

ಸಿನಿಮಾದ ಗಣಿಯ ಹೆಸರು ನರಾಚಿ. ಅದು ಲೋಕಕ್ಕೆ ತಿಳಿಯದ, ಒಬ್ಬ ದೊರೆಯ ಗುಲಾಮರ ಗಣಿ. ನಿಜವಾದ ಗಣಿಯನ್ನು 1880ರಿಂದ ನಡೆಸಿದವರು ಲಂಡನ್ನಿನ ಜಾನ್ ಟೇಲರ್ ಕಂಪನಿಯವರು. ಅದಕ್ಕೆ ಲೆಕ್ಕಪುಸ್ತಕ, ಸೈರನ್ನು, ಆಸ್ಪತ್ರೆ, ಬಿಳಿಯರಿಗೆ ಕ್ಲಬ್ಬು ಎಲ್ಲವೂ ಇತ್ತು. 1902ರಲ್ಲಿ ಕಾವೇರಿಯ ಶಿವನಸಮುದ್ರದಿಂದ ಸುಮಾರು 147 ಕಿಲೋಮೀಟರ್ ತಂತಿ ಎಳೆದು ವಿದ್ಯುತ್ ತಂದದ್ದು ಈ ಗಣಿಗಾಗಿ. ಬೆಂಗಳೂರಿಗೆ ಬೆಳಕು ಬಂದದ್ದು ಅದಾದ ಮೇಲೆ. ಶಾಫ್ಟುಗಳು, ಎಂದರೆ ಗಣಿಗೆ ಇಳಿಯಲು ನೆಟ್ಟಗೆ ಕೊರೆದ ದಾರಿಗಳು, ಮೂರು ಕಿಲೋಮೀಟರಿಗಿಂತ ಕೆಳಗೆ ಇಳಿದವು. ಅಷ್ಟು ಆಳದಲ್ಲಿ ಕಲ್ಲು ಕೈಯಿಡಲಾಗದಷ್ಟು ಬಿಸಿ, ಮೇಲಿನಿಂದ ತಣ್ಣನೆಯ ಗಾಳಿ ಕಳಿಸಬೇಕು. ಮೇಲಿನ ಭಾರಕ್ಕೆ ಬಂಡೆ ಒಮ್ಮೆಲೇ ಸಿಡಿದರೆ ಕೆಳಗಿದ್ದವರಿಗೆ ಓಡಲು ಜಾಗವಿಲ್ಲ, ಮೇಲೆ ಊರಿನ ಪಾತ್ರೆಗಳು ಅಲುಗುತ್ತಿದ್ದವು. ಪಾತ್ರೆ ಅಲುಗಿದರೆ ಹೆಂಗಸರು ಒಲೆ ಆರಿಸಿ ಶಾಫ್ಟಿನ ಬಾಯಿಗೆ ಓಡುತ್ತಿದ್ದರು ಎಂದು ಅವನು ಹೇಳಿದ. ಅವನಿಗೆ ಅದನ್ನು ಹೇಳಿದ್ದು ಅವನ ಅಜ್ಜಿ.

ನನಗೆ ಹೆಚ್ಚು ಇಷ್ಟವಾದ ಸಂಗತಿ ಇನ್ನೊಂದು. ಮೇಲಿರುವ ಬಂಡೆಯೆಲ್ಲ ಜರಡಿಯಂತೆ ಬೇರೆ ಕಿರಣಗಳನ್ನು ತಡೆಯುವುದರಿಂದ, ವಾತಾವರಣದಲ್ಲಿ ಹುಟ್ಟಿ ಭೂಮಿಯನ್ನೇ ತೂರಿಹೋಗುವ ನ್ಯೂಟ್ರಿನೋ ಎಂಬ ಅತಿ ಸೂಕ್ಷ್ಮ ಕಣಗಳನ್ನು ಪತ್ತೆಹಚ್ಚಲು ಈ ಗಣಿಯ ಆಳದಲ್ಲಿ ಉಪಕರಣಗಳನ್ನಿಟ್ಟು, 1965ರಲ್ಲಿ ಜಗತ್ತಿನಲ್ಲೇ ಮೊದಲಿಗರ ಸಾಲಿನಲ್ಲಿ ಅವುಗಳ ಗುರುತನ್ನು ಕಂಡರು. ನಮ್ಮ ಜಿಲ್ಲೆಯ ಮಕ್ಕಳಿಗೆ ಮೂವತ್ತು ವರ್ಷ ಪಾಠ ಹೇಳಿದ ನಾನು ಇದನ್ನು ಯಾವ ತರಗತಿಯಲ್ಲೂ ಹೇಳಿರಲಿಲ್ಲ, ಏಕೆಂದರೆ ಪುಸ್ತಕದಲ್ಲಿ ಇರಲಿಲ್ಲ. ಪುಸ್ತಕಕ್ಕೂ ಒಂದು ಚೌಕಟ್ಟಿದೆ, ಧಾರಾವಾಹಿಯ ಹಾಗೆಯೇ.

2001ರ ಫೆಬ್ರುವರಿ 28ರಂದು ಗಣಿ ಮುಚ್ಚಿತು. ಅಂದಿನಿಂದ ಮಾರಿಕುಪ್ಪಂನಿಂದ ಹೊರಡುವ ಮುಂಜಾನೆಯ ರೈಲುಗಳು ಊರನ್ನು ಬೆಂಗಳೂರಿನ ಕೆಲಸಗಳಿಗೆ ಹೊತ್ತೊಯ್ದು ರಾತ್ರಿ ತಂದು ಬಿಡುತ್ತಿವೆ. "ಇಲ್ಲಿಗೆ ಬಂದೋರೆಲ್ಲ ಸಿನಿಮಾದ ಹೀರೋ ರಾಕಿ ಭಾಯ್ ನಿಂತ ಜಾಗ ಎಲ್ಲಿ ಅಂತ ಕೇಳ್ತಾರೆ ಮೇಡಂ," ಎಂದ ಹುಡುಗ. "ತೋರಿಸ್ತೀನಿ. ಅದರಿಂದಲೇ ಊಟ. ತೋರಿಸಿ ಆದ್ಮೇಲೆ ಐದು ನಿಮಿಷ ನಮ್ಮಪ್ಪ ನಿಂತ ಜಾಗಾನೂ ತೋರಿಸ್ತೀನಿ." ಈ ಐದು ನಿಮಿಷದ ವಿಷಯದಲ್ಲಿ ಅವನು ಎಷ್ಟು ಲೆಕ್ಕಾಚಾರದವನೆಂಬುದನ್ನು ನಾನು ಗಮನಿಸಿದೆ, ಐದನ್ನು ಅವನು ಹತ್ತು ಮಾಡಲಿಲ್ಲ. ಕೇಳುವವರ ಕಿವಿ ಎಲ್ಲಿಯವರೆಗೆ ತೆರೆದಿರುತ್ತದೆಂದು ಅವನಿಗೆ ಗೊತ್ತು. ಸಿನಿಮಾ ಬರುವ ಮೊದಲು ಆ ಐದು ನಿಮಿಷವನ್ನೂ ಕೇಳುವವರು ಈ ಊರಿಗೆ ಬರುತ್ತಿರಲಿಲ್ಲವೆಂಬುದನ್ನೂ ಅವನೇ ಹೇಳಿದ. ಸುಳ್ಳು ಕಥೆಗಳು ನಿಜವಾದ ಊರನ್ನು ಮರೆಸುತ್ತವೆಂದು ಬೆಳಗ್ಗೆಯಿಂದ ಮನಸ್ಸಿನಲ್ಲೇ ಬರೆದುಕೊಂಡಿದ್ದ ನನ್ನ ವಾಕ್ಯವನ್ನು ಅಲ್ಲಿಯೇ ಬಿಟ್ಟೆ.

ಅವನ ತಂದೆ ಇಳಿಯುತ್ತಿದ್ದ ಶಾಫ್ಟಿನ ಉಕ್ಕಿನ ಗೋಪುರ ಬೇಲಿಯಾಚೆ, ಜಾಲಿಯ ನಡುವೆ ತುಕ್ಕು ಹಿಡಿದು ನಿಂತಿತ್ತು. ತುದಿಯಲ್ಲಿ ದೊಡ್ಡ ಗಾಲಿ. ದೊಡ್ಡಮ್ಮ ಕಣ್ಣಿಗೆ ಕೈ ಅಡ್ಡವಿಟ್ಟು ಬಹಳ ಹೊತ್ತು ನೋಡಿದರು.

"ಅದು ರಾಟೆ ಅಲ್ವೇನಪ್ಪಾ?"

"ಹೌದಜ್ಜಿ. ಅದರ ಮೇಲೆ ಹಗ್ಗ, ಹಗ್ಗಕ್ಕೆ ಕೇಜು. ಅಪ್ಪ ಅದರಲ್ಲೇ ಇಳೀತಿದ್ರು."

"ಈಗ ಒಳಗೇನಿದೆ?"

"ನೀರು," ಎಂದ. ಗಣಿ ನಡೆಯುವಾಗ ಹಗಲೂ ರಾತ್ರಿಯೂ ಪಂಪುಗಳು ಒಸರುವ ನೀರನ್ನು ಹೊರಹಾಕುತ್ತಿದ್ದವು. ಮುಚ್ಚಿದ ಮೇಲೆ ಪಂಪು ನಿಂತಿತು, ನೀರು ಸುರಂಗಗಳನ್ನೆಲ್ಲ ತುಂಬುತ್ತ ಮೇಲೆ ಬಂತು. ಹೊಲಕ್ಕೆ ಹನಿಯಿಲ್ಲದ ಜಿಲ್ಲೆಯಲ್ಲಿ, ಮೂರು ಕಿಲೋಮೀಟರಿನ ಆಳದಲ್ಲಿ, ಮೇಲೆ ರಾಟೆಯಿರುವ, ಯಾರೂ ಸೇದದ ಬಾವಿ. ದೊಡ್ಡಮ್ಮ ಬೇಲಿಯ ತಂತಿ ಹಿಡಿದುಕೊಂಡು ಬೆಳಗ್ಗೆ ಹುಲ್ಲಿನ ಮೇಲೆ ಹುಡುಕಿದ ಅದೇ ಗಮನದಿಂದ ನೋಡುತ್ತಿದ್ದರು. ಕುಡಿಯಲು ಬರುತ್ತದೆಯೇ ಎಂದು ಕೇಳಿದರು. ಹುಡುಗ ತಲೆಯಾಡಿಸಿದ, ಇಲ್ಲವೆಂದು.

ಮನೆ ಸೇರಿದಾಗ ರಾತ್ರಿ ಒಂಬತ್ತು ಮುಕ್ಕಾಲು. ಧಾರಾವಾಹಿ ಮುಗಿದುಹೋಗಿತ್ತು, ಮರುದಿನ ಮಧ್ಯಾಹ್ನದ ಮರುಪ್ರಸಾರಕ್ಕೆ ಕಾಯಬೇಕಾಯಿತು. ಅದರಲ್ಲಿ ಹಳೆಯ ನೆನಪಿನ ದೃಶ್ಯವೆಂದು ಕಲ್ಯಾಣಮಂಟಪದ ಮದುವೆಯನ್ನೇ ಮತ್ತೆ ತೋರಿಸಿದರು. ನಾಯಕಿ ಕಣ್ಣೀರು ತುಂಬಿಕೊಂಡು ಕಂಬಕ್ಕೆ ಒರಗಿ ನಿಂತಿದ್ದಳು, ಹಿನ್ನೆಲೆಯಲ್ಲಿ ವಯೊಲಿನ್. ದೊಡ್ಡಮ್ಮ ಕುರ್ಚಿಯಿಂದ ಮುಂದಕ್ಕೆ ಬಾಗಿ, ಎಡಕ್ಕೊಮ್ಮೆ ಬಲಕ್ಕೊಮ್ಮೆ ಕತ್ತು ಹೊರಳಿಸಿ, ಬೇಸರದಿಂದ ನನ್ನ ಕಡೆ ತಿರುಗಿದರು.

"ಆ ಹುಡುಗೀನ ಸ್ವಲ್ಪ ಆಚೆ ನಿಲ್ಲಿಸಬಾರದಾಗಿತ್ತೇನೇ? ಗಿಣಿ ಕಾಣ್ತಾ ಇಲ್ಲ."